ದಾರ ಬೇಡದ ದಾರಿ

"ಬಾರ್ಸಿಲೋನಾದವರೆಗೂ ಹೋಗಿ ಬೇಲಿ ನೋಡ್ಕೊಂಡು ಬಂದ್ರಾ?" ಫೋಟೋ ಹಾಕಿದ ಮೇಲೆ ಇಬ್ಬರು ಮೂವರು ಹೀಗೆ ಕೇಳಿದರು. ಹೌದು, ಬೇಲಿಯೇ. ಸೈಪ್ರೆಸ್ ಗಿಡಗಳನ್ನು ಗೋಡೆಯ ಹಾಗೆ ಕತ್ತರಿಸಿ ಬೆಳೆಸಿದ 750 ಮೀಟರ್ ಬೇಲಿ, ಒಳಗೆ ಹೋದವರು ದಾರಿ ತಪ್ಪುವಂಥ ಚಕ್ರವ್ಯೂಹ. ಅದರ ಬಗ್ಗೆ ಹೇಳದೆ ಇರೋಕೆ ಆಗುತ್ತಿಲ್ಲ.

ಊರಿನ ಅಂಚಿನಲ್ಲಿ, ಗುಡ್ಡದ ಬುಡಕ್ಕೆ ಓರ್ಟಾ ಅನ್ನೋ ಜಾಗ ಇದೆ. ಜುವಾನ್ ಆಂಟೋನಿ ದೆಸ್ವಾಲ್ಸ್ ಅನ್ನೋ ಶ್ರೀಮಂತ ಮನೆತನದವರು 1791ರಲ್ಲಿ ಅಲ್ಲಿ ತಮ್ಮ ಸ್ವಂತ ಜಮೀನಿನಲ್ಲಿ ಒಂದು ತೋಟ ಮಾಡಿಸಲು ಶುರು ಮಾಡಿದರು. ನಕ್ಷೆ ಬರೆದವರು ಇಟಲಿಯ ಡೊಮೆನಿಕೊ ಬಗುಟ್ಟಿ. ತೋಟದ ತುಂಬ ಗ್ರೀಕ್ ಪುರಾಣ. ನಡುವೆ ಈ ಚಕ್ರವ್ಯೂಹ.

ಮೂಲ ಕಥೆ ಕ್ರೀಟ್ ದ್ವೀಪದ್ದು. ರಾಜ ಮಿನೋಸನ ಹೆಂಡತಿಗೆ ಹೋರಿ ತಲೆಯ ಮಗು ಹುಟ್ಟಿತು, ಹೆಸರು ಮಿನೋಟಾರ್. ಅದನ್ನು ಬಚ್ಚಿಡಲು ರಾಜ ಡೀಡಲಸ್ ಅನ್ನೋ ಶಿಲ್ಪಿಯ ಕೈಲಿ ದಾರಿ ತಪ್ಪಿಸುವ ಕಟ್ಟಡ ಕಟ್ಟಿಸಿದ. ಆ ಮಿನೋಟಾರನನ್ನು ಕೊಲ್ಲಲು ಅಥೆನ್ಸಿನ ರಾಜಕುಮಾರ ಥೀಸಿಯಸ್ ಬಂದ. ರಾಜನ ಮಗಳು ಅರಿಯಾಡ್ನೆ ಅವನಿಗೆ ಮನಸೋತು ದಾರದ ಉಂಡೆ ಕೊಟ್ಟಳು. ಅದನ್ನೇ ಹಿಡಿದು ಅವನು ಹೊರಗೆ ಬಂದ.

ಓರ್ಟಾದ ಬಾಗಿಲಲ್ಲಿ ಕಲ್ಲಿನಲ್ಲಿ ಕೆತ್ತಿದ ಅವರಿಬ್ಬರೂ ಇದ್ದಾರೆ. ಜೊತೆಗೆ ನಾಲ್ಕು ಸಾಲಿನ ಪದ್ಯ. ಒಳಗೆ ಬಾ, ಸುಲಭವಾಗಿ ಹೊರಗೆ ಬರ್ತೀಯ, ಅರಿಯಾಡ್ನೆ ಕೊಟ್ಟ ದಾರದ ಉಂಡೆ ಬೇಕಿಲ್ಲ ಅಂತ ಅದರ ಅರ್ಥ.

ಅಷ್ಟೇನೂ ಸುಲಭ ಅಲ್ಲ. ಎರಡು ಸಲ ಒಂದೇ ಮೂಲೆಗೆ ಬಂದು ನಿಂತೆವು. ಬೇಲಿ ನನ್ನ ತಲೆಗಿಂತ ಎತ್ತರ. ಹೊರಗೆ ಹಸಿರು, ಸಂದಿಯಲ್ಲಿ ಇಣುಕಿದರೆ ಒಳಗೆಲ್ಲ ಒಣಕಡ್ಡಿ. ಬಿಸಿಲಿಗೆ ಅಂಟಿನ ವಾಸನೆ. ಎಂಟು ವರ್ಷದ ಮಗಳು ನನ್ನ ಕೈ ಬಿಡಲಿಲ್ಲ. ಕೊನೆಗೆ ನಡುವಿನ ಬಯಲಿಗೆ ಬಂದಾಗ ಸುತ್ತ ನೋಡಿ, "ಅಮ್ಮಾ, ರಾಕ್ಷಸ ಎಲ್ಲಿ?" ಅಂದಳು.

ರಾಕ್ಷಸ ಇಲ್ಲ. ಆ ಜಾಗದಲ್ಲಿ ಪ್ರೇಮದೇವತೆ ಎರೋಸ್ ನಿಂತಿದ್ದಾನೆ. ನನಗೆ ಇಡೀ ತೋಟದಲ್ಲಿ ಜಾಸ್ತಿ ಇಷ್ಟವಾಗಿದ್ದು ಇದೇ. ಕಥೆ ಗೊತ್ತಿಲ್ಲದೆ ಹೀಗೆ ಮಾಡಿಲ್ಲ, ಗೊತ್ತಿದ್ದೇ ಕೊಲೆಯನ್ನು ಕೈಬಿಟ್ಟಿದ್ದಾರೆ. ನಾನು ಅಭಿಮನ್ಯುವಿನ ಕಥೆ ಕೇಳಿ ಬೆಳೆದವಳು. ಹಳೇಬೀಡಿನ ಹೊಯ್ಸಳೇಶ್ವರ ಗುಡಿಯ ಗೋಡೆಯಲ್ಲಿ ಚಕ್ರವ್ಯೂಹ ಕೆತ್ತಿದ್ದಾರೆ, ನೋಡಿರ್ತೀರಿ. ಚಿಕ್ಕಂದಿನಲ್ಲಿ ಅದರ ಮುಂದೆ ನಿಂತು ಅತ್ತಿದ್ದೆ. ಒಳಗೆ ಹೋಗೋದು ಗೊತ್ತು, ಹೊರಗೆ ಬರೋದು ಗೊತ್ತಿಲ್ಲ ಅನ್ನೋ ಆ ಮಾತು ಇವತ್ತಿಗೂ ಹೊಟ್ಟೆ ಹಿಂಡುತ್ತದೆ. ಒಳಗೆ ಹೋದ ಮಗು ಖಂಡಿತ ಹೊರಗೆ ಬರುತ್ತೆ ಅಂತ ಬಾಗಿಲಲ್ಲೇ ಬರೆದಿದ್ದು ನೋಡಿದರೆ ತಾಯಿಯಾದವಳಿಗೆ ಏನನ್ನಿಸುತ್ತೆ ಹೇಳಿ.

ಬೇಜಾರಾಗಿದ್ದು ಒಂದೇ ವಿಷಯಕ್ಕೆ. ದಾರಿ ಸಿಗದವರು ಬೇಲಿ ಮುರಿದುಕೊಂಡು ಆಚೆ ನುಗ್ಗುತ್ತಾರೆ. ನನ್ನ ಕಣ್ಣೆದುರೇ ಇಬ್ಬರು ಹಾಗೆ ನುಸುಳಿದರು, ಸುಮ್ನೆ ಒಂದು ವಿಡಿಯೋಗೋಸ್ಕರ. ಒಂದು ಮನೆತನದ ತೋಟ ನಗರಸಭೆಯ ಕೈಗೆ ಬಂದು 1971ರಲ್ಲಿ ಎಲ್ಲರಿಗೂ ತೆರೆದಿದೆ. ದಯವಿಟ್ಟು ಹೋದವರು ನಡೆದೇ ಹೊರಗೆ ಬನ್ನಿ. ದಾರಿ ತಪ್ಪೋಕೆ ತಾನೇ ಅಲ್ಲಿಗೆ ಹೋಗೋದು?

ಹೊರಗೆ ಬಂದ ಮೇಲೆ ಮಗಳು ಮತ್ತೆ ಆ ಕಲ್ಲಿನ ಹತ್ತಿರ ಓಡಿದಳು. "ದಾರ ಕೊಟ್ಟೋಳು ಆಮೇಲೆ ಏನಾದ್ಲು?" ಅಂತ ಕೇಳಿದಳು. ನಿಜ ಹೇಳಿದೆ. ಮಲಗಿದ್ದವಳನ್ನು ನಾಕ್ಸೊಸ್ ದ್ವೀಪದಲ್ಲಿ ಬಿಟ್ಟು ಥೀಸಿಯಸ್ ಹಡಗು ಹತ್ತಿ ಹೋಗಿಬಿಟ್ಟ ಅಂದೆ. ಅವಳ ಮುಖ ಬಾಡಿತು. ಬೇಲಿಯ ಮೇಲ್ಗಡೆ, ಮೆಟ್ಟಿಲು ಹತ್ತಿದರೆ ಎರಡು ಮಂಟಪಗಳಿವೆ. ಒಂದರಲ್ಲಿ ಅರಿಯಾಡ್ನೆ ಇದ್ದಾಳೆ. ಅಲ್ಲಿಂದ ಇಡೀ ಚಕ್ರವ್ಯೂಹ ಕಾಣುತ್ತದೆ, ಒಂದೊಂದು ತಿರುವೂ. ಮಗಳನ್ನು ಅಲ್ಲಿಗೆ ಕರೆದುಕೊಂಡು ಹೋದೆ.