ಸತ್ಯಾಂಶ: ಆ ಮೂರು ಕುಟುಂಬಗಳು ಮೊಂಟಾನಾದ ಹಿಮಗಾಲ ಗೆದ್ದವೇ?

‘ಅಮೆರಿಕದ ಮೂರು ಕುಟುಂಬಗಳು ಟಿವಿ ಶೋಗಾಗಿ ಕರೆಂಟು, ಫೋನು ಬಿಟ್ಟು, ಯಾರ ನೆರವೂ ಇಲ್ಲದೆ ಹಿಮಗಾಲವನ್ನೇ ಗೆದ್ದು ಬಂದವು. ಹಳೆಯ ಕಾಲವೇ ಸುಖ!’ ಎಂಬ ಸಂದೇಶ ಓಡಾಡುತ್ತಿದೆ. ಅರ್ಧ ನಿಜ.

ಶೋ ನಿಜವೇ. ಅಲ್ಲಿನ ಸಾರ್ವಜನಿಕ ವಾಹಿನಿ ಪಿಬಿಎಸ್ 2002ರಲ್ಲಿ ತೋರಿಸಿದ ‘ಫ್ರಾಂಟಿಯರ್ ಹೌಸ್’. ಅಮೆರಿಕದ ಮೊಂಟಾನಾ ರಾಜ್ಯದಲ್ಲಿ 1883ರ ವಲಸಿಗರಂತೆ ಬದುಕುವುದು ಪಂಥ. ಆದರೆ ಅವರು ಅಲ್ಲಿದ್ದದ್ದು ಸುಮಾರು ಐದು ತಿಂಗಳು. ಹಿಮಗಾಲಕ್ಕೆ ಮೊದಲೇ ಮನೆಗೆ ಮರಳಿದರು. ಕೂಡಿಟ್ಟ ಸೌದೆ, ಹುಲ್ಲು, ದವಸ ಚಳಿಗಾಲಕ್ಕೆ ಸಾಲುತ್ತಿತ್ತೇ ಎಂದು ಕೊನೆಗೆ ತಜ್ಞರು ಅಂದಾಜು ಮಾಡಿದರು, ಅಷ್ಟೇ.

ಅಸಲಿ ವಲಸಿಗರಿಗೆ ಈ ರಿಯಾಯಿತಿ ಇರಲಿಲ್ಲ. 1862ರ ಹೋಮ್‌ಸ್ಟೆಡ್ ಕಾಯ್ದೆ 160 ಎಕರೆ ಕೊಡುತ್ತಿತ್ತು, ಆದರೆ ಐದು ವರ್ಷ ಅಲ್ಲೇ ಇದ್ದು ಉಳುಮೆ ಮಾಡಬೇಕು. ಐದು ವರ್ಷವೆಂದರೆ ಐದು ಚಳಿಗಾಲ. 1886-87ರ ಚಳಿಯಲ್ಲಂತೂ ಮೊಂಟಾನಾದ ದನಗಳು ಹಿಂಡುಹಿಂಡಾಗಿ ಸತ್ತವು.

‘ಯಾರ ನೆರವೂ ಇಲ್ಲದೆ’ ಎಂಬುದು ಆ ಅಸಲಿ ವಲಸಿಗರ ಮಟ್ಟಿಗೂ ಪೂರ್ತಿ ಸರಿಯಲ್ಲ. ಪೂರ್ವ, ಪಶ್ಚಿಮ ಎರಡೂ ಕಡೆಯಿಂದ ಹಾಕುತ್ತ ಬಂದ ನಾರ್ದರ್ನ್ ಪೆಸಿಫಿಕ್ ರೈಲುಮಾರ್ಗ 1883ರ ಸೆಪ್ಟೆಂಬರ್‌ನಲ್ಲೇ ಮೊಂಟಾನಾದಲ್ಲಿ ಕೂಡಿಕೊಂಡಿತ್ತು. ಹಿಟ್ಟು, ಮೊಳೆ, ಬಟ್ಟೆಯನ್ನು ವಲಸಿಗರು ಅಂಗಡಿಯಿಂದಲೇ, ಎಷ್ಟೋ ಸಲ ಸಾಲದಲ್ಲಿ, ತರುತ್ತಿದ್ದರು. ಇನ್ನು ಆ ನೆಲ? ಫಾರ್ವರ್ಡ್‌ನಲ್ಲಿ ಈ ಮಾತೇ ಇಲ್ಲ. ಅದು ಖಾಲಿ ಬಿದ್ದಿದ್ದ ಭೂಮಿಯಲ್ಲ. ಕ್ರೋ, ಬ್ಲ್ಯಾಕ್‌ಫೀಟ್ ಮೊದಲಾದ ಮೂಲನಿವಾಸಿಗಳನ್ನು ಒಪ್ಪಂದ, ಒತ್ತಡ, ಯುದ್ಧಗಳಿಂದ ಮೀಸಲು ಪ್ರದೇಶಗಳಿಗೆ ಸರಿಸಿ ತೆರವು ಮಾಡಿದ್ದು.