ಕೋವಿ ಕೈಬಿಟ್ಟರೂ ಹೆಸರು ಬಿಡುವುದಿಲ್ಲ

ನಮ್ಮ ಮಲೆನಾಡಿನಲ್ಲಿ ಈಗ ಕೋವಿ ಕೊಳ್ಳಬೇಕೆನ್ನುವವರಿಗಿಂತ ಮಾರಿ ಕೈತೊಳೆದುಕೊಳ್ಳಬೇಕೆನ್ನುವವರೇ ನನಗೆ ಹೆಚ್ಚು ಸಿಗುತ್ತಾರೆ. ಕಾರಣಗಳು ಗೊತ್ತಿರುವಂಥವೇ. ಮಕ್ಕಳು ಬೆಂಗಳೂರಿನಲ್ಲಿದ್ದಾರೆ, ಪರವಾನಗಿಯನ್ನು ತಮ್ಮ ಹೆಸರಿಗೆ ಮಾಡಿಸಿಕೊಳ್ಳುವ ಆಸಕ್ತಿಯೂ ಇಲ್ಲ, ಪುರುಸೊತ್ತೂ ಇಲ್ಲ. ಚುನಾವಣೆ ಬಂತೆಂದರೆ ಠಾಣೆಗೆ ಒಯ್ದು ಠೇವಣಿ ಇಡಬೇಕು, ಮುಗಿದ ಮೇಲೆ ಮತ್ತೆ ಹೋಗಿ ತರಬೇಕು. ಪರವಾನಗಿಯಲ್ಲಿ ‘ಬೆಳೆ ರಕ್ಷಣೆಗೆ’ ಎಂದು ಬರೆದಿದ್ದರೂ ತೋಟಕ್ಕೆ ನುಗ್ಗಿದ ಪ್ರಾಣಿಗೆ ಗುರಿ ಇಟ್ಟರೆ 1972ರ ವನ್ಯಜೀವಿ ಸಂರಕ್ಷಣಾ ಕಾಯ್ದೆ ಎದುರು ಬಂದು ನಿಲ್ಲುತ್ತದೆ. ಬರೀ ಸದ್ದು ಮಾಡಿ ಓಡಿಸುವುದಕ್ಕಾದರೆ ಪಟಾಕಿ ಸಾಕು.

ಮಾರಲಿ, ನನಗೆ ತಕರಾರಿಲ್ಲ. ಮಾರುವ ರೀತಿಯ ಬಗ್ಗೆ ಮಾತ್ರ ತಕರಾರಿದೆ. ಖಾಲಿ ಫಾರಂಗೆ ಸಹಿ ಹಾಕಿ ಹಳೆಯ ಬೈಕನ್ನು ಯಾರಿಗೋ ಕೊಟ್ಟು, ಆರ್‌ಸಿ ಬದಲಾಯಿತೇ ಇಲ್ಲವೇ ಎಂದು ತಿರುಗಿಯೂ ನೋಡದ ನಮ್ಮ ಅಭ್ಯಾಸವೇ ಕೋವಿಯ ವ್ಯವಹಾರದಲ್ಲೂ ಕಾಣಿಸುತ್ತಿದೆ. ಛಾಪಾ ಕಾಗದದ ಮೇಲೆ ‘ಇಂಥವರಿಗೆ ಇಷ್ಟು ಹಣಕ್ಕೆ ಕೊಟ್ಟಿದ್ದೇನೆ, ಇನ್ನು ಮುಂದೆ ನನಗೂ ಇದಕ್ಕೂ ಸಂಬಂಧವಿಲ್ಲ’ ಎಂದು ಬರೆಸಿ, ನೋಟರಿ ಮುದ್ರೆ ಒತ್ತಿಸಿ, ಇಬ್ಬರು ಸಾಕ್ಷಿಗಳ ಸಹಿ ಪಡೆದರೆ ಮುಗಿಯಿತು ಎನ್ನುವ ಭಾವನೆ. ಮುಗಿಯುವುದಿಲ್ಲ. ಕೋವಿಯ ನಂಬರು ನಿಮ್ಮ ಪರವಾನಗಿ ಪುಸ್ತಕದಲ್ಲಿ ಇರುವವರೆಗೆ, ಸರ್ಕಾರದ ದಾಖಲೆಯಲ್ಲಿ ನಿಮ್ಮ ಗುರುತಿನ ಸಂಖ್ಯೆಯ ಎದುರು ನಮೂದಾಗಿರುವವರೆಗೆ, ಆ ಕೋವಿ ಎಲ್ಲಿ ಏನು ಮಾಡಿದರೂ ಮೊದಲು ಬಾಗಿಲು ತಟ್ಟುವುದು ನಿಮ್ಮ ಮನೆಯದೇ. ಆಗ ನೋಟರಿ ಮುದ್ರೆಯ ಕಾಗದ ತೋರಿಸಿದರೆ, ಕಾನೂನು ಮೀರಿ ಮಾರಿದ್ದೇನೆ ಎಂದು ನೀವೇ ಬರೆದುಕೊಟ್ಟ ಸಾಕ್ಷ್ಯವಾಗಿ ಅದು ಪೊಲೀಸರಿಗೆ ಉಪಯೋಗಕ್ಕೆ ಬರುತ್ತದೆ.

ಖಾಸಗಿಯಾಗಿ ಮಾರುವುದೇ ಅಪರಾಧ, ಬಂದೂಕಿನ ಅಂಗಡಿಯವನಿಗೇ ಕೊಡಬೇಕು ಎಂದು ಇನ್ನು ಕೆಲವರು ನಂಬಿದ್ದಾರೆ. ಅದೂ ತಪ್ಪು. ಈ ನಂಬಿಕೆಯಿಂದ ಲಾಭ ಆಗುವುದು ಯಾರಿಗೆ ಎಂದು ಬೇರೆ ಹೇಳಬೇಕಿಲ್ಲ. 1980ರ ದಶಕದ ನಡುವಿನಿಂದ ಜನಸಾಮಾನ್ಯರಿಗೆ ವಿದೇಶಿ ಬಂದೂಕಿನ ಆಮದು ಬಂದ್ ಆಗಿದೆ. ಹಾಗಾಗಿ ಅಜ್ಜನ ಕಾಲದ ಬರ್ಮಿಂಗ್‌ಹ್ಯಾಮಿನ ಜೋಡುನಳಿಗೆ ಕೋವಿಗೆ, ವೆಬ್ಲಿ ಅಂಡ್ ಸ್ಕಾಟ್ ಅಥವಾ ಗ್ರೀನರ್ ಹೆಸರು ಕೊರೆದಿರುವಂಥದ್ದಕ್ಕೆ, ಇವತ್ತಿಗೂ ಒಳ್ಳೆಯ ಬೆಲೆ ಇದೆ. ಅದನ್ನು ‘ಹಳೆಯ ಕಬ್ಬಿಣ, ಯಾರು ತಗೊಳ್ಳುತ್ತಾರೆ’ ಎಂಬ ಮಾತಿಗೆ ಮರುಳಾಗಿ ಕೊಟ್ಟು ಬಂದವರಿದ್ದಾರೆ.

ಕಾನೂನು ನಿಜವಾಗಿ ಹೇಳುವುದೇನು? 1959ರ ಶಸ್ತ್ರಾಸ್ತ್ರ ಕಾಯ್ದೆಯ 5ನೇ ಸೆಕ್ಷನ್ನಿನ ಎರಡನೇ ಉಪವಿಭಾಗವನ್ನು ಓದಿ. ಸ್ವಂತ ಬಳಕೆಗಾಗಿ ಕಾನೂನುಬದ್ಧವಾಗಿ ಇಟ್ಟುಕೊಂಡಿರುವ ಆಯುಧವನ್ನು, ಅದನ್ನು ಹೊಂದುವ ಹಕ್ಕಿರುವ ಇನ್ನೊಬ್ಬರಿಗೆ ಮಾರಲು ನಿಮಗೆ ವ್ಯಾಪಾರಿಯ ಪರವಾನಗಿ ಬೇಕಿಲ್ಲ. ಆದರೆ ಎರಡು ಷರತ್ತುಗಳಿವೆ. ಯಾರಿಗೆ ಮಾರಲಿದ್ದೇನೆ ಎಂಬುದನ್ನು ಹೆಸರು, ವಿಳಾಸ ಸಮೇತ ಜಿಲ್ಲಾ ದಂಡಾಧಿಕಾರಿಗೆ ಇಲ್ಲವೇ ಹತ್ತಿರದ ಠಾಣೆಯ ಅಧಿಕಾರಿಗೆ ಬರವಣಿಗೆಯಲ್ಲಿ ತಿಳಿಸಬೇಕು. ತಿಳಿಸಿದ ಮೇಲೆ ಕನಿಷ್ಠ 45 ದಿನ ಕಳೆಯಬೇಕು. ಪೊಲೀಸ್ ಕಮಿಷನರ್ ಇರುವ ಬೆಂಗಳೂರು, ಮೈಸೂರು, ಮಂಗಳೂರಿನಂಥ ನಗರಗಳಲ್ಲಿ ದಂಡಾಧಿಕಾರಿ ಎಂದರೆ ಕಮಿಷನರೇ.

ಗಮನಿಸಿ: ಕಾಯ್ದೆ ಕೇಳುತ್ತಿರುವುದು ಮಾಹಿತಿಯನ್ನು, ಅನುಮತಿಯನ್ನಲ್ಲ. ಕೊಳ್ಳುವವನ ಪೂರ್ವಾಪರ ವಿಚಾರಿಸಲು ಪೊಲೀಸರಿಗೆ ಒಂದೂವರೆ ತಿಂಗಳು ಕಾಲಾವಕಾಶ ಕೊಟ್ಟಿದೆ. ಅಷ್ಟರಲ್ಲಿ ಅವರು ತಕರಾರು ಎತ್ತದಿದ್ದರೆ ಮಾರಬಹುದು ಎಂಬುದು ಅದರ ತರ್ಕ. ಆದರೆ ಕಚೇರಿಗಳಲ್ಲಿ ನಡೆಯುವುದೇ ಬೇರೆ. ‘ನಿರಾಕ್ಷೇಪಣಾ ಪತ್ರ ಬರಲಿ, ಸಾಹೇಬರ ಸಹಿ ಆಗಲಿ, ಠಾಣೆಯ ವರದಿ ಬಂದಿಲ್ಲ’ ಎನ್ನುತ್ತಾ ಕಡತ ಮೇಜಿನಿಂದ ಮೇಜಿಗೆ ತಿರುಗುತ್ತದೆ. ನಾನೂ ಒಂದು ಕಚೇರಿಯಲ್ಲಿ ಅರ್ಜಿ ಕೊಟ್ಟು ಸ್ವೀಕೃತಿ ಕೇಳಿದಾಗ, ಕೊಡಬಾರದ್ದನ್ನು ಕೇಳಿದ ಹಾಗೆ ಮುಖ ನೋಡಿದರು. ಸ್ವೀಕೃತಿ ಇಲ್ಲದಿದ್ದರೆ 45 ದಿನವನ್ನು ಎಲ್ಲಿಂದ ಎಣಿಸುವುದು? ಈಗ ನಾನು ಎಲ್ಲರಿಗೂ ಹೇಳುವುದು ಇದನ್ನೇ: ಕೈಯಲ್ಲೂ ಕೊಡಿ, ಅದೇ ಪತ್ರವನ್ನು ಸ್ವೀಕೃತಿ ಸಹಿತ ಸ್ಪೀಡ್ ಪೋಸ್ಟ್‌ನಲ್ಲೂ ಕಳಿಸಿ. ಪತ್ರದಲ್ಲಿ ಕೋವಿಯ ನಂಬರು, ಬೋರು (ನಳಿಗೆಯ ಅಳತೆ), ತಯಾರಕರ ಹೆಸರು, ಇಬ್ಬರ ಪರವಾನಗಿ ಸಂಖ್ಯೆ ಎಲ್ಲವೂ ಇರಲಿ.

ಹಾಗಾದರೆ ಉತ್ತರ ಬಾರದಿದ್ದರೂ 46ನೇ ದಿನ ಮಾರಿಬಿಡಬಹುದಲ್ಲ ಎಂದು ಒಬ್ಬ ವಕೀಲ ಮಿತ್ರರು ನನ್ನೊಂದಿಗೆ ವಾದಿಸಿದರು. ಕಾಯ್ದೆಯ ಪ್ರಕಾರ ಅವರ ಮಾತು ಸರಿ. ಆದರೂ ನಾನು ಒಪ್ಪಲಿಲ್ಲ. ಕೋವಿ ಕೊಟ್ಟ ಮಾತ್ರಕ್ಕೆ ನಿಮ್ಮ ಪುಸ್ತಕದಲ್ಲಿನ ನಮೂದು ತಾನಾಗಿ ಅಳಿಯುವುದಿಲ್ಲ, ಕೊಳ್ಳುವವನ ಪುಸ್ತಕದಲ್ಲಿ ತಾನಾಗಿ ಮೂಡುವುದೂ ಇಲ್ಲ. ಅದಕ್ಕೆ ಅದೇ ಕಚೇರಿಗೆ, ಅದೇ ಗುಮಾಸ್ತರ ಬಳಿಗೆ ಹೋಗಬೇಕು. ಹಕ್ಕು ಇದೆ ಎಂದು ಮಾರಿ, ನಮೂದಿಗಾಗಿ ವರ್ಷಗಟ್ಟಲೆ ಅಲೆಯುವುದಕ್ಕಿಂತ ಒಂದಷ್ಟು ದಿನ ಹೆಚ್ಚು ಕಾದು ನಿರಾಕ್ಷೇಪಣಾ ಪತ್ರ ಹಿಡಿದೇ ಕೊಡುವುದು ಲೇಸು. ಇದು ನ್ಯಾಯವಲ್ಲ, ನಾನೂ ಬಲ್ಲೆ. ಕಾಯ್ದೆ ಕೊಟ್ಟ ಸೌಲಭ್ಯವನ್ನು ಕಚೇರಿ ಕಿತ್ತುಕೊಂಡಿದೆ ಎಂದು ಜಗಳವಾಡುವವರು ಆಡಲಿ, ನನ್ನ ಬೆಂಬಲವಿದೆ. ಆದರೆ ಎಪ್ಪತ್ತೈದು ವರ್ಷದ ಹಿರಿಯರಿಗೆ ಆ ಜಗಳಕ್ಕೆ ಇಳಿಯಿರಿ ಎಂದು ನಾನು ಸಲಹೆ ಕೊಡಲಾರೆ.

ಶಿಕ್ಷೆಯ ವಿಚಾರ ಇನ್ನೂ ವಿಚಿತ್ರ. ಕೊಳ್ಳುವವನಿಗೆ ಪರವಾನಗಿ ಇದೆ, ಎಲ್ಲ ಸರಿಯಿದೆ, ನೀವು ತಿಳಿಸದೆ ಅಥವಾ 45 ದಿನ ಕಾಯದೆ ಮಾರಿದಿರಿ ಎಂದುಕೊಳ್ಳಿ. ಅದಕ್ಕೆ 25ನೇ ಸೆಕ್ಷನ್ನಿನ ಮೂರನೇ ಉಪವಿಭಾಗದಲ್ಲಿ ಗರಿಷ್ಠ ಆರು ತಿಂಗಳ ಸೆರೆ ಅಥವಾ 500 ರೂಪಾಯಿ ದಂಡ, ಇಲ್ಲವೇ ಎರಡೂ. ಐನೂರು ರೂಪಾಯಿಗೆ ಇವತ್ತು ಕಳೆ ಕೀಳುವ ಒಂದಾಳೂ ಸಿಗುವುದಿಲ್ಲ! ಆದರೆ ಕೊಳ್ಳುವವನಿಗೆ ಪರವಾನಗಿಯೇ ಇಲ್ಲದಿದ್ದರೆ ನೀವು ಬೀಳುವುದು ಬೇರೆಯೇ ಗುಂಡಿಗೆ. 2019ರ ಡಿಸೆಂಬರ್‌ನಲ್ಲಿ ಜಾರಿಗೆ ಬಂದ ತಿದ್ದುಪಡಿಯ ನಂತರ ಅಕ್ರಮ ಮಾರಾಟಕ್ಕೆ ಕನಿಷ್ಠ ಏಳು ವರ್ಷ, ಗರಿಷ್ಠ ಜೀವಾವಧಿ. ಮೊದಲು ಇದು ಮೂರರಿಂದ ಏಳು ವರ್ಷ ಇತ್ತು. ಕೊಂಡವನಿಗೂ ಪರವಾನಗಿ ಇಲ್ಲದೆ ಇಟ್ಟುಕೊಂಡ ತಪ್ಪಿಗೆ ಎರಡರಿಂದ ಐದು ವರ್ಷ. ‘ಅವನ ಬಳಿ ಪರವಾನಗಿ ಇದೆ ಎಂದುಕೊಂಡಿದ್ದೆ’ ಎಂಬ ಸಮಜಾಯಿಷಿ ನಡೆಯುವುದಿಲ್ಲ. ಕೊಡುವ ಮೊದಲೇ ಖಚಿತಪಡಿಸಿಕೊಳ್ಳಬೇಕು ಎಂದು 29ನೇ ಸೆಕ್ಷನ್ ಆ ಹೊಣೆಯನ್ನು ಕೊಡುವವನ ತಲೆಗೇ ಕಟ್ಟಿದೆ.

ನನ್ನ ಅನುಭವದಲ್ಲಿ ಅಪರಿಚಿತರಿಗೆ ಮಾರುವಾಗ ಜನ ಎಚ್ಚರ ವಹಿಸುತ್ತಾರೆ. ಮುಗ್ಗರಿಸುವುದು ಅಳಿಯನಿಗೆ, ತಮ್ಮನ ಮಗನಿಗೆ, ಪಕ್ಕದ ತೋಟದವರಿಗೆ ಕೊಡುವಾಗ. ‘ನಮ್ಮವನೇ ಅಲ್ಲವೇ, ಅವನ ಹತ್ತಿರ ಪುಸ್ತಕ ತೋರಿಸು ಎಂದು ಕೇಳುವುದು ಹೇಗೆ’ ಎಂಬ ಸಂಕೋಚ. ಕೇಳಿ. ಪುಸ್ತಕವನ್ನು ಕೈಗೆ ತೆಗೆದುಕೊಂಡೇ ಓದಿ. ಅವಧಿ ಮುಗಿದಿಲ್ಲವೇ, ನಿಮ್ಮ ಕೋವಿಯ ಮಾದರಿಗೆ ಆ ಪರವಾನಗಿ ಅನ್ವಯಿಸುತ್ತದೆಯೇ, ಆಗಲೇ ಎರಡು ಬಂದೂಕು ನಮೂದಾಗಿವೆಯೇ ನೋಡಿ. 2019ರ ತಿದ್ದುಪಡಿ ಒಬ್ಬರಿಗಿದ್ದ ಮೂರರ ಮಿತಿಯನ್ನು ಎರಡಕ್ಕೆ ಇಳಿಸಿದೆ. ಅಂಗಡಿಯವರು, ಕ್ರೀಡಾ ಶೂಟರ್‌ಗಳಂಥ ಕೆಲವರಿಗೆ ಮಾತ್ರ ಬೇರೆ ಲೆಕ್ಕ. ಪರವಾನಗಿ ಎಷ್ಟು ಪ್ರದೇಶಕ್ಕೆ ಸಲ್ಲುತ್ತದೆ ಎನ್ನುವುದನ್ನೂ ಮರೆಯಬೇಡಿ. ವಯನಾಡಿನಿಂದ ಬಂದವರ ಪುಸ್ತಕ ಕೇರಳಕ್ಕೆ ಮಾತ್ರ ಸೀಮಿತವಾಗಿದ್ದರೆ, ನಿಮ್ಮ ಅಂಗಳದಲ್ಲಿ ಅವರು ಕೋವಿ ಕೈಗೆ ತೆಗೆದುಕೊಂಡ ಕ್ಷಣದಿಂದಲೇ ತೊಂದರೆ ಶುರು.

ಕೋವಿಯ ಮೇಲಿನ ನಂಬರನ್ನೂ ಪುಸ್ತಕದ ನಂಬರನ್ನೂ ಹೋಲಿಸಿ ನೋಡುವುದು ಇಬ್ಬರಿಗೂ ಒಳ್ಳೆಯದು. ತಯಾರಕರ ಹೆಸರಾಗಲಿ, ನಂಬರಾಗಲಿ, ಬೇರೆ ಅಂಗೀಕೃತ ಗುರುತಾಗಲಿ ಇಲ್ಲದ ಬಂದೂಕನ್ನು ಮಾರುವುದನ್ನು 8ನೇ ಸೆಕ್ಷನ್ ನಿಷೇಧಿಸುತ್ತದೆ. ಊರಿನ ಕಮ್ಮಾರ ಮಾಡಿದ ಕೇಪಿನ ಕೋವಿಗಳಿರುವ ಮನೆಯವರು ಇಲ್ಲಿ ಸ್ವಲ್ಪ ನಿಂತು ಯೋಚಿಸಬೇಕು. ದುರಸ್ತಿ ಮಾಡಿದರೂ ಗುಂಡು ಹಾರದಂಥ, ಬರೀ ಗೋಡೆಗೆ ಭೂಷಣವಾದ ಪುರಾತನ ವಸ್ತುವಾದರೆ ಕಾಯ್ದೆ ಅದಕ್ಕೆ ಅನ್ವಯಿಸುವುದಿಲ್ಲ. ಆದರೆ ‘ಹಾರುವುದಿಲ್ಲ’ ಎಂದು ತೀರ್ಮಾನಿಸುವವರು ನೀವಲ್ಲ. ಅಧಿಕಾರಿಗಳ ಕಡೆಯಿಂದ ಬರೆಸಿಕೊಳ್ಳಿ.

ಈಗ ತಂದೆಯ ಕೋವಿಯ ವಿಷಯ. ನನ್ನನ್ನು ಹೆಚ್ಚು ಮಂದಿ ಕೇಳುವುದು ಇದನ್ನೇ. ತಂದೆ ತೀರಿಕೊಂಡಿದ್ದಾರೆ, ಕೋವಿ ಕೋಣೆಯ ಬೀರುವಿನಲ್ಲಿದೆ, ಮಗ ಬೆಂಗಳೂರಿನಿಂದ ತಿಥಿಗೆ ಬಂದು ಹೋಗುತ್ತಾನೆ, ಬೀರುವಿನ ಬೀಗದ ಕೈ ತಾಯಿಯ ಸೆರಗಿನಲ್ಲಿದೆ. ಪರವಾನಗಿ ಇದ್ದದ್ದು ತಂದೆಗೆ. ಅವರಿಲ್ಲ ಎಂದ ಮೇಲೆ ಆ ಮನೆಯಲ್ಲಿ ಯಾರ ಬಳಿಯೂ ಪರವಾನಗಿ ಇಲ್ಲ. ಇಂಥ ಸ್ಥಿತಿಯಲ್ಲಿ ವಿಳಂಬ ಮಾಡದೆ ಠಾಣೆಯಲ್ಲೋ ಪರವಾನಗಿ ಇರುವ ಅಂಗಡಿಯಲ್ಲೋ ಠೇವಣಿ ಇಟ್ಟು ರಸೀದಿ ಪಡೆಯಬೇಕು ಎನ್ನುತ್ತದೆ 21ನೇ ಸೆಕ್ಷನ್. ಠಾಣೆಗೆ ಕೊಟ್ಟರೆ ಕೋವಿ ಹೋದಂತೆಯೇ ಎಂಬ ಹೆದರಿಕೆಯಿಂದ ಜನ ಇದನ್ನು ಮಾಡುವುದಿಲ್ಲ. ಆದರೆ ಅದೇ ಸೆಕ್ಷನ್ನಿನ ಮುಂದಿನ ಸಾಲುಗಳಲ್ಲಿ ಮೃತರ ವಾರಸುದಾರರ ಹಕ್ಕು ಸ್ಪಷ್ಟವಾಗಿದೆ. ಠೇವಣಿಯಲ್ಲಿದ್ದಾಗಲೇ, ತಮಗೆ ಪರವಾನಗಿ ಇಲ್ಲದಿದ್ದರೂ, ಅರ್ಹರಿಗೆ ಅದನ್ನು ಮಾರಿ ಹಣ ಪಡೆಯಬಹುದು. ನಿಗದಿತ ಅವಧಿಯೊಳಗೆ ಮಾರದೆ, ಬಿಡಿಸಿಕೊಳ್ಳದೆ ಸುಮ್ಮನೆ ಕುಳಿತರೆ ಮಾತ್ರ ಅದು ಸರ್ಕಾರದ ಪಾಲಾಗಬಹುದು. ಹಾಗೆಂದರೆ ಕೋವಿ ಹೋಗುವುದು ಠಾಣೆಗೆ ಕೊಟ್ಟದ್ದರಿಂದಲ್ಲ, ಕೊಟ್ಟು ಮರೆತದ್ದರಿಂದ.

ಮಕ್ಕಳಿಗೆ ಆಸಕ್ತಿ ಇದ್ದರೆ ಮಾರುವ ಪ್ರಮೇಯವೇ ಇಲ್ಲ. ಪರವಾನಗಿದಾರರಿಗೆ ಎಪ್ಪತ್ತು ವರ್ಷವಾದಾಗ ಅಥವಾ ಕೋವಿ ಇಟ್ಟುಕೊಂಡು ಇಪ್ಪತ್ತೈದು ವರ್ಷವಾದಾಗ, ಯಾವುದು ಮೊದಲೋ ಆಗ, ತಾವು ಸೂಚಿಸಿದ ವಾರಸುದಾರರಿಗೆ ವರ್ಗಾಯಿಸಲು 2016ರ ಶಸ್ತ್ರಾಸ್ತ್ರ ನಿಯಮಗಳಲ್ಲಿ ದಾರಿ ಇದೆ. ಬದುಕಿದ್ದಾಗಲೇ ಮಾಡಿಸಿ ಎಂದು ಹಿರಿಯರಿಗೆ ಹೇಳಿದರೆ ಕೆಲವರಿಗೆ ಅದು ಅಶುಭವಾಗಿ ಕೇಳಿಸುತ್ತದೆ. ಆಸ್ತಿಗೆ ವಿಲ್ ಬರೆಸುವಾಗ ಅಶುಭವಾಗದ್ದು ಕೋವಿಗೆ ಯಾಕೆ ಆಗಬೇಕೋ ತಿಳಿಯದು.

ಕೊಡಗಿನ ಗೆಳೆಯರು ಇದನ್ನೆಲ್ಲ ಓದಿ ನಗುತ್ತಿರಬಹುದು. ಅವರ ಕಥೆ ಬೇರೆ. 1861ರಲ್ಲಿ ಬ್ರಿಟಿಷರು ನಿಶ್ಶಸ್ತ್ರೀಕರಣದಿಂದ ಕೊಡಗರನ್ನು ಹೊರಗಿಟ್ಟಲ್ಲಿಂದ ಶುರುವಾದ, ಪರವಾನಗಿ ಇಲ್ಲದೆ ಕೋವಿ ಇಟ್ಟುಕೊಳ್ಳುವ ವಿನಾಯಿತಿ ಇದು. ಸ್ವಾತಂತ್ರ್ಯದ ನಂತರವೂ ಕೊಡವರಿಗೆ ಮತ್ತು ಜಮ್ಮಾ ಎಂಬ ವಂಶಪಾರಂಪರ್ಯ ಭೂಮಿಯ ಹಿಡುವಳಿದಾರರಿಗೆ ಮುಂದುವರಿಯಿತು. 2019ರಲ್ಲಿ ಕೇಂದ್ರ ಸರ್ಕಾರ ಅದನ್ನು 2029ರ ಅಕ್ಟೋಬರ್‌ವರೆಗೆ ವಿಸ್ತರಿಸಿತು. ಪ್ರಶ್ನಿಸಿ ಹೋದವರ ವಾದವನ್ನು ಕರ್ನಾಟಕ ಹೈಕೋರ್ಟ್ 2021ರಲ್ಲಿ ಒಪ್ಪಲಿಲ್ಲ. ಕೈಲ್ ಪೊಳ್ದ್ ಹಬ್ಬದಲ್ಲಿ ಕೋವಿಗೆ ಹೂವಿಟ್ಟು ಪೂಜಿಸುವ, ಹುಟ್ಟಿಗೂ ಸಾವಿಗೂ ಗುಂಡು ಹಾರಿಸುವ ಜನಕ್ಕೆ ಅದು ಸಲ್ಲಬೇಕಾದದ್ದೇ ಎಂಬುದು ನನ್ನ ನಿಲುವು. ಆದರೆ ವಿನಾಯಿತಿ ಇರುವುದು ವ್ಯಕ್ತಿಗೆ, ಕೋವಿಗಲ್ಲ. ಐನ್‌ಮನೆಯ, ಅಂದರೆ ಕುಟುಂಬದ ಮೂಲಮನೆಯ, ಕೋವಿಯನ್ನು ಎಸ್ಟೇಟು ಕೊಂಡ ಹೊರಗಿನವರಿಗೆ ಮಾರಿದರೆ, ಅವರಿಗೆ ಬೇರೆಲ್ಲರ ಹಾಗೆ ಪರವಾನಗಿ ಇರಲೇಬೇಕು. ‘ಕೊಡಗಿನ ಕೋವಿ, ಪರವಾನಗಿ ಬೇಡ’ ಎಂದು ಮೈಸೂರಿಗೆ ಒಯ್ದವರು ಸಿಕ್ಕಿಬಿದ್ದರೆ, ಕೊಟ್ಟವರೂ ಉತ್ತರ ಹೇಳಬೇಕಾಗುತ್ತದೆ.

ಇಲ್ಲಿಯೇ ಫೇಸ್‌ಬುಕ್ಕಿನಲ್ಲಿ ನನ್ನ ಇನ್‌ಬಾಕ್ಸ್‌ಗೆ ಕೋವಿಯ ಫೋಟೊ ಕಳಿಸಿ ‘ಗಿರಾಕಿ ಇದ್ದರೆ ಹೇಳಿ’ ಎನ್ನುವವರಿಗೆ ಒಂದು ಮಾತು. ಬಂದೂಕಿನ ಖಾಸಗಿ ಮಾರಾಟವನ್ನು ಫೇಸ್‌ಬುಕ್ 2016ರಲ್ಲೇ ನಿಷೇಧಿಸಿದೆ. ಅದು ಹೋಗಲಿ, ಒಂಟಿ ಮನೆಯಲ್ಲಿ ಇಬ್ಬರು ವೃದ್ಧರು ಮತ್ತು ಒಂದು ಕೋವಿ ಇದೆ ಎಂದು ವಾಟ್ಸ್‌ಆ್ಯಪ್ ಗುಂಪುಗಳಿಗೆಲ್ಲ ಡಂಗುರ ಸಾರುವುದು ಕಳ್ಳರಿಗೆ ವಿಳಾಸ ಕೊಟ್ಟ ಹಾಗೆ. ನಾನಂತೂ ಗಿರಾಕಿ ಹುಡುಕಿಕೊಡುವುದಿಲ್ಲ, ದಯವಿಟ್ಟು ಕೇಳಬೇಡಿ. ಅರ್ಜಿ ಬರೆಯಲು ಸಹಾಯ ಬೇಕಿದ್ದರೆ ಬನ್ನಿ, ಬರೆದುಕೊಡುತ್ತೇನೆ.

ಬರುವಾಗ ಮನೆಯಲ್ಲಿ ಉಳಿದ ತೋಟಾಗಳ (ಕೋವಿಯ ಗುಂಡುಗಳ) ಲೆಕ್ಕವನ್ನೂ ತನ್ನಿ. ಕೋವಿ ಮಾರಿದವರು ಡಬ್ಬಿಯಲ್ಲಿದ್ದ ತೋಟಾಗಳನ್ನು ಅಟ್ಟದ ಮೇಲೆ ಹಾಗೆಯೇ ಬಿಡುತ್ತಾರೆ, ಇಲ್ಲವೇ ಕೊಂಡವನಿಗೆ ಉಚಿತವಾಗಿ ದಾಟಿಸುತ್ತಾರೆ. ಮದ್ದುಗುಂಡಿಗೂ ಕೋವಿಯದೇ ಕಾನೂನು. ಮಾರುವ ಪತ್ರದಲ್ಲೇ ಅವುಗಳ ಸಂಖ್ಯೆಯನ್ನೂ ಸೇರಿಸಿ ಬರೆಯಬೇಕು. ಕೊಳ್ಳುವವನ ಪುಸ್ತಕದಲ್ಲಿ ಎಷ್ಟು ತೋಟಾ ಇಟ್ಟುಕೊಳ್ಳಬಹುದೆಂದು ಬರೆದಿದೆಯೋ ಅಷ್ಟನ್ನೇ ಕೊಟ್ಟು, ಮಿಕ್ಕದ್ದನ್ನು ಠಾಣೆಗೆ ಒಪ್ಪಿಸಿ ರಸೀದಿ ತೆಗೆದುಕೊಳ್ಳಿ.