ಬೆಳಕು ಬಂತು ಸರಿ, ಬಿಲ್ ಕಟ್ಟಿದ್ಯಾರು?

ಒಂದು ವಿನಂತಿ ಮಾರಾಯ್ರೆ. ಪುಸ್ತಕಕ್ಕೆ ಬೆನ್ನುಡಿ ಬರೆಯೋರು ಯಾರಾದ್ರೂ ನನ್ನ ಫ್ರೆಂಡ್ ಲಿಸ್ಟಲ್ಲಿ ಇದ್ರೆ, ಇನ್ಮೇಲಾದ್ರೂ ಕತ್ತಲಿಂದ ಬೆಳಕಿನೆಡೆಗೆ ಪಯಣ ಅಂತ ಬರೀಬೇಡಿ. ಕಾದಂಬರಿಗೂ ಅದೇ, ಚೊಚ್ಚಲ ಕವನ ಸಂಕಲನಕ್ಕೂ ಅದೇ, ಶುಗರ್ ಕಂಟ್ರೋಲ್ ಮಾಡೋದು ಹೇಗೆ ಅನ್ನೋ ಪುಸ್ತಕಕ್ಕೂ ಅದೇ, ಷೇರು ಮಾರ್ಕೆಟ್ ಕಲಿಸೋ ಪುಸ್ತಕಕ್ಕೂ ಅದೇ. ಮುಖಪುಟದಲ್ಲಿ ಒಂದು ಹಣತೆ ಇಲ್ಲಾ ಮೋಡದ ಸಂದಿಯಿಂದ ಇಣುಕೋ ಸೂರ್ಯ. ಬೆಳಕು ಅಂದ್ರೆ ಬದಲಾವಣೆ, ಬದಲಾವಣೆ ಅಂದ್ರೆ ಒಳ್ಳೇದು, ಮುಗೀತು ಕತೆ.

ನನ್ನ ತಕರಾರು ಇಷ್ಟೇ, ಬೆಳಕು ಪುಕ್ಕಟೆ ಬರಲ್ಲ. ಎಣ್ಣೆ ಯಾರೋ ಹಾಕಿರ್ತಾರೆ, ಬತ್ತಿ ಯಾರೋ ಹೊಸೆದಿರ್ತಾರೆ, ಕರೆಂಟ್ ಆದ್ರೆ ಯಾರದೋ ಗದ್ದೆ ಮುಳುಗಿರತ್ತೆ. ಆ ಲೆಕ್ಕ ಇಟ್ಕೊಂಡು ಬರೆದಿರೋ ಪುಸ್ತಕ ನನಗಿಷ್ಟ. ಲೆಕ್ಕ ಇಡದೆ ಬರೀ ಜಗಮಗ ಮಾಡೋ ಪುಸ್ತಕ ಎಷ್ಟೇ ಚೆನ್ನಾಗಿ ಬರೆದಿದ್ರೂ ಅರ್ಧಕ್ಕೇ ಮಡಚಿಡ್ತೀನಿ.

ನಮ್ಮ ರಾಜ್ಯದ ಕರೆಂಟಿನ ಕತೇನೇ ತಗೊಳ್ಳಿ. 1902ರ ಜೂನ್ 30ಕ್ಕೆ ಶಿವನಸಮುದ್ರದಿಂದ ಹೊರಟ ಮೊದಲ ಲೈನು ಯಾರ ಮನೆಗೂ ಹೋಗಲಿಲ್ಲ, ಸೀದಾ ಹೋಗಿದ್ದು ಸುಮಾರು 147 ಕಿಲೋಮೀಟರ್ ದೂರದ ಕೋಲಾರದ ಚಿನ್ನದ ಗಣಿಗೆ. ಬೆಂಗಳೂರಿನ ಬೀದಿಗೆ ಬಲ್ಬು ಬಂದಿದ್ದು ಆಮೇಲೆ, 1905ರ ಆಗಸ್ಟ್ 5ಕ್ಕೆ, ಮೈಸೂರಿಗೆ 1908ರಲ್ಲಿ. ಆದ್ರೆ ಕ್ವಿಜ್ ಪುಸ್ತಕಗಳಲ್ಲಿ ನಮ್ಮ ಬೆಂಗಳೂರು ಏಷ್ಯಾದಲ್ಲೇ ಮೊದಲು ಕರೆಂಟ್ ಕಂಡ ಊರು ಅಂತ ಒಂದು ಲೈನ್ ಇರತ್ತೆ ನೋಡಿ, ಅದನ್ನ ಬಾಯಿಪಾಠ ಮಾಡಿ ಬೆಳೆದೋರು ನಾವು (ಅದೂ ನಿಜ ಅಲ್ಲ, ಕಲ್ಕತ್ತಾದಲ್ಲಿ 1899ರಲ್ಲೇ ಪವರ್ ಸ್ಟೇಷನ್ ಇತ್ತು, ಬೇಜಾರ್ ಮಾಡ್ಕೋಬೇಡಿ). ಬೆಳಕು ಯಾವ ಕ್ರಮದಲ್ಲಿ ಯಾರಿಗೆ ಬಂತು, ಗಣಿಗೆ ಮೊದಲು ಯಾಕೆ, ಹಳ್ಳಿಗೆ ಕೊನೆಗೆ ಯಾಕೆ, ಇದನ್ನ ಆ ಪುಸ್ತಕಗಳು ಕೇಳಲ್ಲ.

ಇನ್ನು ಜೋಗ. ನಾನು ಸಾಗರದ ಕಡೆಯವನು, ಹಾಗಾಗಿ ಇಲ್ಲಿ ಸ್ವಲ್ಪ ಉದ್ದ ಬರೀತೀನಿ, ಸಹಿಸ್ಕೊಳ್ಳಿ. ನಿಸಾರ್ ಅಹಮದ್ ಅವರ ನಿತ್ಯೋತ್ಸವ ಗೊತ್ತಿಲ್ಲದ ಕನ್ನಡದೋರು ಯಾರಿದ್ದಾರೆ, ಶುರುವಾಗೋದೇ ಜೋಗದ ಬೆಳಕಿಂದ. ಸ್ಕೂಲ್ ಡೇ, ರಾಜ್ಯೋತ್ಸವ, ಅಮೆರಿಕದ ಕನ್ನಡ ಕೂಟ, ಎಲ್ಲಾ ಕಡೆ ಹಾಡ್ತೀವಿ, ನಾನೂ ಗಂಟಲು ಹರಿಯೋ ಹಾಗೆ ಹಾಡಿದೀನಿ, ಈಗ್ಲೂ ಎಲ್ಲಾದ್ರೂ ಕೇಳಿದ್ರೆ ಮೈ ಜುಮ್ಮಂತದೆ. ಆದ್ರೆ ಅದೇ ಜೋಗದ ಬೆಳಕಿನ ಇನ್ನೊಂದು ಮಗ್ಗುಲು ಬರೆದೋರು ನಾ. ಡಿಸೋಜಾ. ಮುಳುಗಡೆ ಅಂತ ಒಂದು ಕಾದಂಬರಿ, ದ್ವೀಪ ಅಂತ ಇನ್ನೊಂದು. ಇವನ್ನ ಓದಿದೋರು ಕೈ ಎತ್ತಿ ಅಂದ್ರೆ ನಿತ್ಯೋತ್ಸವಕ್ಕೆ ಎದ್ದು ನಿಲ್ಲೋರಲ್ಲಿ ಎಷ್ಟು ಜನ ಎತ್ತಾರು? ದ್ವೀಪ ಸಿನಿಮಾನಾದ್ರೂ ಕೆಲವರು ನೋಡಿರ್ತೀರಿ, ಗಿರೀಶ್ ಕಾಸರವಳ್ಳಿಯವರದ್ದು, 2002ರದ್ದು, ಸೌಂದರ್ಯ ನಟಿಸಿ ತಾವೇ ದುಡ್ಡು ಹಾಕಿ ಮಾಡಿದ್ದು.

ಹಿನ್ನೆಲೆ ಗೊತ್ತಿಲ್ಲದೋರಿಗೆ ಚಿಕ್ಕದಾಗಿ ಹೇಳ್ತೀನಿ. ಶರಾವತಿಗೆ ಮೊದಲು ಕಟ್ಟಿದ್ದು ಹಿರೇಭಾಸ್ಕರ ಡ್ಯಾಮ್. ಆ ನೀರಿಂದ ಜೋಗದ ಹತ್ರ 120 ಮೆಗಾವ್ಯಾಟಿನ ಪವರ್ ಹೌಸು 1948ರಲ್ಲಿ ಶುರುವಾಯ್ತು. ಆಮೇಲೆ ಸಾಲಲ್ಲ ಅಂತ 1964ರಲ್ಲಿ ಲಿಂಗನಮಕ್ಕಿ. ಶರಾವತಿ ವಿದ್ಯುದಾಗಾರದ ಹತ್ತು ಯೂನಿಟ್ ಸೇರಿ 1035 ಮೆಗಾವ್ಯಾಟ್, ಒಂದು ಕಾಲದಲ್ಲಿ ರಾಜ್ಯದ ಫ್ಯಾಕ್ಟರಿಗಳು ಉಸಿರಾಡ್ತಿದ್ದಿದ್ದೇ ಇದರಿಂದ. ಹಿರೇಭಾಸ್ಕರ ಏನಾಯ್ತು ಅಂತೀರಾ? ಅದೂ ಮುಳುಗ್ತು! ಮೊದಲು ಬೆಳಕು ಕೊಟ್ಟ ಡ್ಯಾಮನ್ನೇ ಎರಡನೇ ಡ್ಯಾಮು ನುಂಗ್ತು. ಬೇಸಿಗೇಲಿ ಹಿನ್ನೀರು ಇಳಿದಾಗ ಹಳೇ ಕಟ್ಟಡ ಮೇಲೆ ಕಾಣತ್ತೆ, ಜನ ಬೈಕಲ್ಲಿ ಹೋಗಿ ಫೋಟೋ ತಗೊಂಡು ಬರ್ತಾರೆ. ಡ್ಯಾಮಿಗೇ ಈ ಗತಿ ಅಂದ್ಮೇಲೆ ಅಡಿಕೆ ತೋಟ, ದೇವಸ್ಥಾನ, ಸುಡುಗಾಡು ಇವೆಲ್ಲ ಯಾವ ಲೆಕ್ಕ. ಎಬ್ಬಿಸಿದ ಜನಾನ ಲಾರೀಲಿ ತುಂಬಿ ಶಿವಮೊಗ್ಗ ಜಿಲ್ಲೆಯ ಬೇರೆ ಬೇರೆ ಕಾಡಿನಲ್ಲಿ ಇಳಿಸಿದ್ರು, ಆ ಜಾಗದ ಹಕ್ಕುಪತ್ರದ ಜಗಳ ಮೊಮ್ಮಕ್ಕಳ ಕಾಲಕ್ಕೂ ಮುಗಿದಿಲ್ಲ. ನಾಡಿಗೆ ಬೆಳಕು ಕೊಟ್ಟೋರ ಮನೇಲಿ ಕತ್ತಲೆ ಅಂತ ನಮ್ಮ ಕಡೆ ಪ್ರತಿ ಚುನಾವಣೆ ಭಾಷಣದಲ್ಲೂ ಬರತ್ತೆ, ಕೇಳಿ ಕೇಳಿ ಸವೆದುಹೋದ ಮಾತು, ಆದ್ರೆ ಸುಳ್ಳಲ್ಲ.

ಡಿಸೋಜಾ ಅವರು ಪಿಡಬ್ಲ್ಯೂಡಿ ನೌಕರಿಯಲ್ಲಿ ಇದ್ದೋರು, ಶರಾವತಿ ಯೋಜನೇಲೇ ಕೆಲಸ ಮಾಡಿದೋರು. ಅಂದ್ರೆ ಹಗಲು ಮುಳುಗಿಸೋ ಆಫೀಸಲ್ಲಿ ಫೈಲು, ರಾತ್ರಿ ಮುಳುಗಿದೋರ ಬಗ್ಗೆ ಕಾದಂಬರಿ. ಇದು ನನಗೆ ತುಂಬಾ ದೊಡ್ಡ ವಿಷಯ ಅನ್ಸತ್ತೆ. ದೂರದಲ್ಲಿ ಕೂತು ಡ್ಯಾಮನ್ನ ಬೈಯೋದು ಸುಲಭ, ಸಂಬಳ ಕೊಡೋ ಡ್ಯಾಮಿನ ಬಗ್ಗೆ ನಿಜ ಬರೆಯೋದು ಸುಲಭ ಅಲ್ಲ. ದ್ವೀಪದಲ್ಲಿ ಗಣಪಯ್ಯ ನಾಗವೇಣಿ ಅನ್ನೋ ಗಂಡ ಹೆಂಡತಿ, ಮಳೆಗಾಲದಲ್ಲಿ ಸುತ್ತ ನೀರು ಏರ್ತಾ ಏರ್ತಾ ಮನೆ ನಡುಗಡ್ಡೆ ಆಗತ್ತೆ. ಘೋಷಣೆ ಇಲ್ಲ, ಸರ್ಕಾರಕ್ಕೆ ಧಿಕ್ಕಾರ ಇಲ್ಲ. ಏರೋ ನೀರಿನ ಜೊತೆಗೇ ಗಂಡನ ತಲೇಲಿ ಅನುಮಾನ ಏರತ್ತೆ. ಎಲ್ಲೋ ದೂರದ ಊರಿಗೆ ಕರೆಂಟ್ ಹೋಗೋ ಯೋಜನೆ ಇಲ್ಲಿ ಒಂದು ಮಂಚದ ಮೇಲಿನ ನಂಬಿಕೇನ ಕೊಚ್ಕೊಂಡು ಹೋಗತ್ತೆ. ಬದಲಾವಣೆ ಅಂದ್ರೆ ಇದು ನೋಡಿ, ಪಂಚವಾರ್ಷಿಕ ಯೋಜನೆ ಪುಸ್ತಕದಲ್ಲಿ ಇದಕ್ಕೆ ಕಾಲಂ ಇರಲ್ಲ. ಡಿಸೋಜಾ ಅವರು 2025ರ ಜನವರಿಯಲ್ಲಿ ತೀರ್ಕೊಂಡ್ರು, ಅದೇ ವರ್ಷ ಜುಲೈನಲ್ಲಿ ಸಿಗಂದೂರು ಸೇತುವೆ ಓಪನ್ ಆಯ್ತು, ಹಿನ್ನೀರಿನ ಜನ ಅರವತ್ತು ವರ್ಷ ಕಾದ ಸೇತುವೆ. ಇನ್ನಾರು ತಿಂಗಳು ಇದ್ದಿದ್ರೆ ನೋಡ್ತಿದ್ರು.

ಗಜಾನನ ಶರ್ಮರ ಪುನರ್ವಸು ಕೂಡ ಇದೇ ಮುಳುಗಡೆಯ ಕತೆ, ಭಾರಂಗಿ ಸೀಮೆಯದ್ದು. ಅವರೂ ವಿದ್ಯುತ್ ಇಲಾಖೆಯಲ್ಲೇ ಎಂಜಿನಿಯರ್ ಆಗಿದ್ದೋರು, ಇದೊಂದು ವಿಚಿತ್ರ ಹೊಂದಾಣಿಕೆ. ಪುಸ್ತಕ ದಪ್ಪ ಇದೆ, ಹೆದರ್ಕೋಬೇಡಿ, ಓದಿ. ಡ್ಯಾಮು ಕಟ್ಟಿದೋರು ರಾಕ್ಷಸರಲ್ಲ, ಮುಳುಗಿದೋರು ದೇವರಲ್ಲ ಅನ್ನೋದು ಗೊತ್ತಾಗ್ಬೇಕು ಅಂದ್ರೆ ಅಷ್ಟು ಪುಟ ಬೇಕು.

ಇನ್ನೊಂದು ಜಾತಿಯ ಬೆಳಕು ಇದೆ, ಮಕ್ಕಳ ಜೀವನಚರಿತ್ರೆ ಪುಸ್ತಕಗಳಲ್ಲಿ ಬರೋದು. ಬೀದಿದೀಪದ ಕೆಳಗೆ ಓದಿ ದೊಡ್ಡ ಮನುಷ್ಯ ಆದ್ರು. ಯಾರ ಜೀವನಚರಿತ್ರೆ ತೆಗೆದ್ರೂ ಆ ಕಂಬ ಇರತ್ತೆ. ನನಗೆ ಆ ಹುಡುಗನ ಮೇಲೆ ಕೋಪ ಇಲ್ಲ, ಆದ್ರೆ ಅದೇ ಕಂಬದ ಕೆಳಗೆ ಕೂತು ಓದಿ ಫೇಲಾದ ಹುಡುಗನ ಪುಸ್ತಕ ಎಲ್ಲಿ? ಆ ಮನೆಗೆ ಯಾಕೆ ದೀಪ ಇರಲಿಲ್ಲ ಅಂತ ಲೇಖಕರು ಒಂದು ಪ್ಯಾರಾನೂ ಬರೆಯಲ್ಲ, ಬಡತನಾನೂ ಒಂದು ಟ್ಯೂಷನ್ ಕ್ಲಾಸು ಅನ್ನೋ ಥರ ದಾಟ್ಕೊಂಡು ಹೋಗ್ತಾರೆ.

ಇದಕ್ಕೆ ಉತ್ತರದ ಥರ ದೇವನೂರ ಮಹಾದೇವ ಅವರ ಒಡಲಾಳ ಇದೆ. ಸಾಕವ್ವನ ಮನೇಲಿ ರಾತ್ರಿ ಎಲ್ಲರೂ ಬೆಂಕಿ ಸುತ್ತ ಕೂತು ಕದ್ದು ತಂದ ಕಡ್ಲೇಕಾಯಿ ತಿನ್ನೋದು ನೆನಪಿದ್ಯಾ? ಸಿಪ್ಪೇನ ಅದೇ ಬೆಂಕಿಗೆ ಹಾಕ್ತಾರೆ, ಗುರುತು ಉಳೀಬಾರದಲ್ಲ. ಆ ಬೆಂಕಿ ಬೆಳಕಲ್ಲಿ ಯಾರ ಬದುಕೂ ಉದ್ಧಾರ ಆಗಲ್ಲ, ಬೆಳಗಾದ್ರೆ ಪೊಲೀಸು ಬಂದೇ ಬರ್ತಾರೆ. ಆದ್ರೆ ಆ ಒಂದು ರಾತ್ರಿ ಇಡೀ ಸಂಸಾರದ ಮುಖ ಕಾಣತ್ತೆ, ಹೊಟ್ಟೆ ತುಂಬಿದ ಮುಖ. ಕನ್ನಡದಲ್ಲಿ ಬೆಳಕಿನ ಬಗ್ಗೆ ನಾನು ಓದಿದ್ರಲ್ಲೇ ದೊಡ್ಡ ಸೀನು ಇದು, ಇದನ್ನ ಯಾರೂ ಬೆಳಕಿನ ಸೀನು ಅಂತ ಕರೆಯಲ್ಲ ಅಷ್ಟೆ.

ನಮ್ಮ ಪುಸ್ತಕಗಳ ಮಧ್ಯೆ ಒಬ್ಬ ಜಪಾನಿಯನ್ನ ಕರ್ಕೊಂಡು ಬರ್ತೀನಿ. ಜುನಿಚಿರೊ ತಾನಿಝಾಕಿ 1933ರಲ್ಲಿ ನೆರಳಿನ ಹೊಗಳಿಕೆಗೆ ಅಂತಲೇ ಒಂದು ಪ್ರಬಂಧ ಬರೆದ. ವಿಷಯ ಏನಂದ್ರೆ ಕರೆಂಟ್ ಬಂದು ಜಪಾನಿನ ಮನೆ ಕೆಡ್ತು ಅಂತ ಗೊಣಗಾಟ. ವೈರು ಎಲ್ಲಿ ಬಚ್ಚಿಡೋದು, ಕಕ್ಕಸು ಎಷ್ಟು ಕತ್ತಲಿರಬೇಕು, ಅರಗು ಬಳಿದ ಕಪ್ಪು ಬಟ್ಟಲಲ್ಲಿ ಸಾರು ಕುಡಿಯೋವಾಗ ಬಟ್ಟಲಿನ ತಳ ಕಾಣಬಾರದು, ಹೀಗೆ ಎಲ್ಲಿಂದೆಲ್ಲಿಗೋ ಹೋಗ್ತಾನೆ. ಅವನ ಒಂದು ಮಾತು ಮಾತ್ರ ನನ್ನ ಬಿಟ್ಟಿಲ್ಲ, ಆ ಕಪ್ಪು ಪಾತ್ರೆಗಳ ಮೇಲಿನ ಚಿನ್ನದ ಕೆಲಸ ಮಾಡಿದ್ದೇ ಮಂದ ದೀಪದಲ್ಲಿ ನೋಡೋಕೆ, ಬಲ್ಬಿನ ಕೆಳಗೆ ಇಟ್ರೆ ಅದು ಬರೀ ಥಳುಕು ಅನ್ಸತ್ತೆ ಅಂತ. ಓದಿದ ತಕ್ಷಣ ನೆನಪಾಗಿದ್ದು ನಮ್ಮ ದೇವಸ್ಥಾನಗಳು. ಗರ್ಭಗುಡಿ ಕಟ್ಟಿದೋರು ಕತ್ತಲೆ ಲೆಕ್ಕ ಹಾಕೇ ಕಟ್ಟಿದ್ದು, ಮಂಗಳಾರತಿ ತಟ್ಟೆ ಮೇಲೆ ಹೋದಾಗ ಒಂದು ಕ್ಷಣ ಕಣ್ಣು, ಕೆಳಗೆ ಬಂದಾಗ ಪಾದ, ಅಷ್ಟೇ ಕಾಣೋದು, ಅದಕ್ಕೇ ಜನ ಕತ್ತು ಉದ್ದ ಮಾಡಿ ನೋಡ್ತಿದ್ರು. ಈಗ ಎರಡು ಫೋಕಸ್ ಲೈಟು, ಮಿಣಿ ಮಿಣಿ ಎಲ್‌ಇಡಿ ಸರ, ಕೆಲವು ಕಡೆ ದೇವರ ತಲೆ ಹಿಂದೆ ತಿರುಗೋ ಚಕ್ರ ಬೇರೆ. ದೇವರು ಪೂರ್ತಿ ಕಾಣ್ತಾನೆ, ನೋಡೋಕೇನೂ ಉಳಿದಿರಲ್ಲ.

ಹಾಗಂತ ತಾನಿಝಾಕಿ ಹೇಳಿದ್ದಕ್ಕೆಲ್ಲ ನಾನು ತಲೆ ಅಲ್ಲಾಡಿಸಲ್ಲ. ಅವನ ಬಗ್ಗೆ ಒಂದು ಕತೆ ಇದೆ, ಹೆಂಡತಿ ಹೇಳಿದ್ದಂತೆ. ಹೊಸ ಮನೆ ಕಟ್ಟಿಸೋವಾಗ ಆರ್ಕಿಟೆಕ್ಟ್ ಬಂದು ನಿಮ್ಮ ನೆರಳಿನ ಪುಸ್ತಕ ಓದಿದೀನಿ, ನಿಮಗೆ ಎಂಥಾ ಮನೆ ಬೇಕು ಅಂತ ಗೊತ್ತು ಅಂದ್ರೆ, ಅಯ್ಯೋ ಅಂಥಾ ಮನೇಲಿ ನನ್ನ ಕೈಲಿ ಇರೋಕಾಗಲ್ಲಪ್ಪ ಅಂದನಂತೆ. ಇದಕ್ಕೇ ಅವನು ನನಗೆ ಇನ್ನೂ ಇಷ್ಟ. ಸೀಮೆಎಣ್ಣೆ ಬುಡ್ಡಿ ಹೊಗೇಲಿ ಕಣ್ಣು ಕೆಂಪು ಮಾಡ್ಕೊಂಡು ಅಡುಗೆ ಮಾಡಿದ ಹೆಂಗಸರನ್ನ ಕೇಳಿ, ಕತ್ತಲೆ ಸೌಂದರ್ಯದ ಬಗ್ಗೆ ಸೌಟಲ್ಲೇ ಉತ್ತರ ಕೊಡ್ತಾರೆ. ಬಡವರ ಮನೆಗೆ ಸರ್ಕಾರ ಕೊಟ್ಟ ಭಾಗ್ಯಜ್ಯೋತಿಯ ಒಂದೇ ಬಲ್ಬು ಎಷ್ಟು ದೊಡ್ಡದು ಅಂತ ಅದು ಬರೋಕೆ ಮುಂಚೆ ಆ ಮನೇಲಿದ್ದೋರಿಗೇ ಗೊತ್ತು. ಹಳೇದಕ್ಕೆ ಅಳೋ ಪುಸ್ತಕವೂ ಅಳೋರು ಯಾರು, ಅವರಿಗೆ ಬೇಕಂದಾಗ ಸ್ವಿಚ್ ಒತ್ತೋ ಅನುಕೂಲ ಇದ್ಯಾ ಅಂತ ನೋಡಿ ಓದಬೇಕು.

ಕವಿತೆ ಕಡೆ ಬಂದ್ರೆ ಒಂದು ಆಶ್ಚರ್ಯ. ಕನ್ನಡದಲ್ಲಿ ಎಲ್ಲರ ಬಾಯಲ್ಲಿರೋ ಎರಡು ಬೆಳಕಿನ ಪದ್ಯ ಅಂದ್ರೆ ಬಿ.ಎಂ.ಶ್ರೀ ಅವರ ಕರುಣಾಳು ಬಾ ಬೆಳಕೆ ಮತ್ತೆ ಜಿ.ಎಸ್. ಶಿವರುದ್ರಪ್ಪನವರ ಹಣತೆ ಪದ್ಯ. ಎರಡೂ ಜಾಸ್ತಿ ಬೆಳಕು ಕೇಳಲ್ಲ! ಶಿವರುದ್ರಪ್ಪನವರು ಕತ್ತಲೆ ಗೆಲ್ತೀನಿ ಅಂತ ಹಣತೆ ಹಚ್ಚಲ್ಲ, ಉರಿಯೋವಷ್ಟು ಹೊತ್ತು ನಾವಿಬ್ಬರು ಮುಖ ನೋಡ್ಕೋಬಹುದು ಅಂತ ಹಚ್ತಾರೆ. ಕರುಣಾಳು ಬಾ ಬೆಳಕೆಗೆ ಮೂಲ ಇಂಗ್ಲೆಂಡಿನ ಆಂಗ್ಲಿಕನ್ ಪಾದ್ರಿ ನ್ಯೂಮನ್‌ನ ಪದ್ಯ, 1833ರಲ್ಲಿ ಸಿಸಿಲಿಯಲ್ಲಿ ಜ್ವರ ಬಂದು ಸಾಯೋ ಹಾಗಾಗಿ, ವಾಪಸ್ ಬರ್ತಾ ಕಿತ್ತಳೆಹಣ್ಣು ತುಂಬಿದ ಹಡಗಲ್ಲಿ ಗಾಳಿ ನಿಂತು ನಡುಸಮುದ್ರದಲ್ಲಿ ಸಿಕ್ಕಾಕ್ಕೊಂಡಾಗ ಬರೆದಿದ್ದು. ದೂರದ ದಾರಿ ತೋರಿಸೋದು ಬೇಡ, ಮುಂದಿನ ಒಂದು ಹೆಜ್ಜೆ ಕಂಡ್ರೆ ಸಾಕು ಅಂತಾನೆ. ಆಮೇಲೆ ಹನ್ನೆರಡು ವರ್ಷಕ್ಕೆ, 1845ರಲ್ಲಿ, ತನ್ನ ಚರ್ಚನ್ನೇ ಬಿಟ್ಟು ಕ್ಯಾಥೊಲಿಕ್ ಆದ. ಒಂದೊಂದೇ ಹೆಜ್ಜೆ ಇಟ್ಕೊಂಡು ಹೋಗಿ ಎಲ್ಲಿ ಮುಟ್ಟಿದ ನೋಡಿ. ಸಿನಿಮಾದಲ್ಲಿ ಆದ್ರೆ ಒಂದೇ ಹಾಡಲ್ಲಿ ಬದಲಾಗಿಬಿಡ್ತಿದ್ದ.

ಇನ್ನೂ ಹಳೇದು ಬೇಕಾ, ಜಿನಸೇನರ ಹರಿವಂಶ ಪುರಾಣ, ಕ್ರಿ.ಶ. 783ರದ್ದು. ಆದಿಪುರಾಣದ ಜಿನಸೇನರಲ್ಲ, ಇವರು ಬೇರೆ, ಪುನ್ನಾಟ ಸಂಘದವರು, ಅಂದ್ರೆ ನಮ್ಮ ಎಚ್.ಡಿ. ಕೋಟೆ ಕಡೆಯ ಹಳೇ ಪುನ್ನಾಟದ ಹೆಸರು ಹೊತ್ತ ಮುನಿಗಳ ಗುಂಪು, ಕೂತು ಬರೆದಿದ್ದು ಮಾತ್ರ ಗುಜರಾತಿನ ಕಡೆ. ಅದರಲ್ಲಿ ಮಹಾವೀರರು ನಿರ್ವಾಣ ಹೊಂದಿದಾಗ ಪಾವಾಪುರಿಯಲ್ಲಿ ದೀಪ ಹಚ್ಚಿದ್ರು, ಆವತ್ತಿಂದ ದೀಪಾವಳಿ ಅಂತ ಬರತ್ತೆ. ನಮ್ಮ ಮನೆಗಳಲ್ಲಿ ರಾಕ್ಷಸ ಸತ್ತ ಖುಷಿಗೆ ದೀಪ, ಇಲ್ಲಿ ಗುರು ಹೋದ ದಿನದ ದೀಪ. ಒಂದೇ ಹಬ್ಬ, ಒಂದೇ ಎಣ್ಣೆ.

ವಿಜ್ಞಾನದ ಪುಸ್ತಕ ಬಿಟ್ರೆ ನನ್ನ ಮೇಷ್ಟ್ರು ಬೈತಾರೆ. ಬೇರೆಲ್ಲ ಪುಸ್ತಕದಲ್ಲಿ ಬೆಳಕು ಮನುಷ್ಯರನ್ನ ಬದಲಾಯಿಸಿದ್ರೆ, ಸಿ.ವಿ. ರಾಮನ್ ತೋರಿಸಿದ್ದು ಬೆಳಕೇ ಬದಲಾಗೋದನ್ನ. ವಸ್ತುವಿನ ಒಳಗೆ ಹೊಕ್ಕು ಚದುರಿ ಹೊರಗೆ ಬರೋವಾಗ ಸುಮಾರು ಕೋಟಿಗೊಂದು ಬೆಳಕಿನ ಕಣದ ಬಣ್ಣ ಬೇರೆ ಆಗಿರತ್ತೆ, ಆ ವ್ಯತ್ಯಾಸ ನೋಡಿ ಒಳಗೆ ಯಾವ ಅಣು ಇತ್ತು ಅಂತ ಹೇಳಬಹುದು. 1928ರ ಫೆಬ್ರವರಿ 28ಕ್ಕೆ ಕಲ್ಕತ್ತಾದಲ್ಲಿ ಕಂಡಿದ್ದು, ಅದರ ಬಗ್ಗೆ ರಾಮನ್ ವಿವರವಾಗಿ ಉಪನ್ಯಾಸ ಕೊಟ್ಟಿದ್ದು ಮಾರ್ಚ್ 16ಕ್ಕೆ ನಮ್ಮ ಬೆಂಗಳೂರಲ್ಲಿ. ಶಿವನಸಮುದ್ರದ ಕರೆಂಟ್ ಬಂದು ಆಗ ಬೆಂಗಳೂರಿಗೆ ಇಪ್ಪತ್ಮೂರು ವರ್ಷ ಆಗಿತ್ತು. ಆ ಉಪನ್ಯಾಸ ಒಳ್ಳೇ ಕನ್ನಡದಲ್ಲಿ ಒಂದು ಪುಟ್ಟ ಪುಸ್ತಕ ಆಗಿ ಹೈಸ್ಕೂಲ್ ಮಕ್ಕಳ ಕೈಗೆ ಸಿಗಬೇಕು ಅಂತ ನನಗೊಂದು ಆಸೆ, ಯಾರಾದ್ರೂ ಪ್ರಕಾಶಕರು ಓದ್ತಿದ್ರೆ ನೋಡಿ.

ಸರಿ, ಈಗ ನಿಮ್ಮ ಸರದಿ. ಮುಳುಗಿದೋರ ಕಾದಂಬರಿ ಇದೆ, ಎಂಜಿನಿಯರ್‌ಗಳ ಜೀವನಚರಿತ್ರೆ ರಾಶಿ ಇದೆ, ಬಲ್ಬಿನ ಕೆಳಗೆ ಓದಿದೋರ ಆತ್ಮಕತೆ ಅಂತೂ ಕೇಳಲೇಬೇಡಿ. ಆದ್ರೆ ಆಷಾಢದ ಗಾಳೀಲಿ, ಮರ ಬಿದ್ದ ಲೈನ್ ಮೇಲೆ, ಒದ್ದೆ ಕಂಬ ಹತ್ತೋ ಲೈನ್‌ಮನ್ ತಾನೇ ಬರೆದ ಪುಸ್ತಕ ಕನ್ನಡದಲ್ಲಿ ಇದ್ಯಾ? ಕತೆ, ಕವನ, ಡೈರಿ, ಏನಾದ್ರೂ ಸೈ. ಗೊತ್ತಿದ್ರೆ ಹೆಸರು ಹಾಕಿ, ಎಲ್ಲಿ ಸಿಗತ್ತೆ ಅಂತಾನೂ ಹೇಳಿ. ಹಾಂ, ಮುಳುಗಡೆಯ ಹಳೇ ಪ್ರತಿ ಯಾರ ಹತ್ರಾದ್ರೂ ಇದ್ರೆ ಒಂದು ವಾರಕ್ಕೆ ಕೊಡಿ, ನನ್ನದನ್ನ ಓದಿ ಕೊಡ್ತೀನಿ ಅಂತ ತಗೊಂಡು ಹೋದ ಪುಣ್ಯಾತ್ಮ ಇನ್ನೂ ಓದ್ತಾ ಇದ್ದಾನೆ.